ಎರಡು ಬೆರಳು ಹೆಚ್ಚು ಎಂದ ಮಹನೀಯರಿಗೆ

ಒಸಾಕಾದ ನಮ್ಮ ಓಣಿಯ, ಕಾರುಗಳನ್ನು ಯಂತ್ರದಿಂದ ಎತ್ತಿ ಅಟ್ಟದ ಮೇಲೆ ಅಟ್ಟವಾಗಿ ಪೇರಿಸಿಡುವ ಗೋಪುರ ಪಾರ್ಕಿಂಗ್‌ನ ಬಾಗಿಲಲ್ಲಿ ನಿಂತು, ಒಳಬರುವ ಕಾರುಗಳ ಎತ್ತರ ಅಳೆಯುವ ಕೆಂಪು ಕಣ್ಣಿನ ಸನ್ನಿಧಾನಕ್ಕೆ,

ಮಾನ್ಯರೇ,

ಗಿಂಕೊ ಮರಗಳು ಹಳದಿ ಎಲೆ ಉದುರಿಸಿ ಓಣಿಯ ಸೈಕಲ್ಲುಗಳ ಬುಟ್ಟಿ ತುಂಬಿಸುತ್ತಿರುವ, ಸುಟ್ಟ ಗೆಣಸಿನ ಗಾಡಿ ಸಂಜೆಯಾದರೆ ರಾಗ ಎಳೆಯುತ್ತ ಬರುವ ಈ ಶುಭ ಋತುವಿನಲ್ಲಿ ತಾವು ಕ್ಷೇಮದಿಂದಿದ್ದೀರೆಂದೂ, ತಮ್ಮ ಗಾಜಿನ ಮೇಲೆ ಧೂಳು ಕೂತಿಲ್ಲವೆಂದೂ ನಂಬಿದ್ದೇನೆ. ಪತ್ರವನ್ನು ಋತುವಿನಿಂದ ಶುರುಮಾಡಬೇಕೆಂದು ಅತ್ತೆಯವರು ಮದುವೆಯಾದ ವಾರವೇ ಹೇಳಿಕೊಟ್ಟರು. ಕೋಬೆಯ ಇಂಗ್ಲಿಷ್ ಶಾಲೆಯಲ್ಲಿ ನನಗೆ ನೇರವಾಗಿ ವಿಷಯಕ್ಕೆ ಬರಲು ಕಲಿಸಿದ್ದರು. ಎರಡು ಕಡೆಯ ಮರ್ಯಾದೆಯನ್ನೂ ಉಳಿಸುವುದು ಸೊಸೆಯ ಧರ್ಮವಾದ್ದರಿಂದ, ಋತು ಮುಗಿಯಿತು, ಇನ್ನು ವಿಷಯ.

ತಾವು ನಮ್ಮ ಕಾರನ್ನು ಒಳಗೆ ಬಿಡಲಿಲ್ಲ.

ಕಾರೆಂದರೆ ಯಾವ ಕಾರು ಎಂದು ತಾವು ಕೇಳಬಹುದು, ಏಕೆಂದರೆ ದಿನಕ್ಕೆ ನೂರಾರು ನೆತ್ತಿಗಳನ್ನು ಕಾಣುವ ತಮಗೆ ಮುಖಗಳ ನೆನಪಿರುವುದಿಲ್ಲ. ಹಸಿರು ಬಣ್ಣದ ಹಳೆಯ ವ್ಯಾಗನ್ ಅದು, ನನ್ನ ಮಾವನವರದು. ಮಾವ ತೋಟದ ಕೆಲಸದವರು. ಊರವರ ಅಂಗಳದ ಪೈನ್ ಮರಗಳನ್ನು ಕತ್ತರಿಸಿ ಒಪ್ಪ ಮಾಡುತ್ತಲೇ ತಲೆ ಹಣ್ಣಾದವರು. ಅವರ ಏಣಿ ಸವಾರಿ ಮಾಡಿದ್ದು ಈ ಕಾರಿನ ನೆತ್ತಿಯ ಮೇಲೆ, ಎರಡು ಅಂಚಿನುದ್ದಕ್ಕೂ ಕೂತಿದ್ದ ರೂಫ್ ರೇಲ್ ಎಂಬ ಜೋಡಿ ಕಂಬಿಗಳಿಗೆ ಹಗ್ಗ ಬಿಗಿಸಿಕೊಂಡು. ತಮ್ಮ ಮಿತಿ ಒಂದೂವರೆ ಮೀಟರಿನ ಮೇಲೆ ಐದು ಸೆಂಟಿಮೀಟರ್. ನಮ್ಮ ಕಾರು ಕಂಬಿ ಸೇರಿ ಅದಕ್ಕಿಂತ ಎರಡು ಬೆರಳು ಹೆಚ್ಚು. ಮೊದಲ ಸಲ ನಾವು ಬಂದಾಗ ತಾವು ಕೆಂಪಗಾದಿರಿ, ತಮ್ಮೊಳಗಿನ ಆ ಹೆಣ್ಣುದನಿ ಜೇನು ಸುರಿಸಿತು: "ಎತ್ತರ ಮೀರಿದೆ. ತೊಂದರೆಗಾಗಿ ಕ್ಷಮಿಸಿ. ದಯವಿಟ್ಟು ಹಿಂದಕ್ಕೆ ಸಾಗಿ."

ಅಷ್ಟು ಮಧುರವಾಗಿ ನನ್ನನ್ನು ಯಾರೂ ಹೊರಗೆ ಹಾಕಿರಲಿಲ್ಲ. ನಾನು ಕಿಟಕಿಯಿಂದ ತಲೆಬಾಗಿ "ಪರವಾಗಿಲ್ಲ, ಪರವಾಗಿಲ್ಲ" ಎಂದೆ. ಪಕ್ಕದಲ್ಲಿದ್ದ ನನ್ನ ಗಂಡ ಇತ್ಸುಕಿ ನಕ್ಕ. ಹಿಂದಿನ ಸೀಟಿನಲ್ಲಿದ್ದ ಮಾವ ನಗಲಿಲ್ಲ.

ಅವರು ಏಕೆ ನಗಲಿಲ್ಲ ಎಂಬುದನ್ನು ತಮಗೆ ತಿಳಿಸುವುದು ನನ್ನ ಕರ್ತವ್ಯ. ಹೋದ ವಸಂತದಲ್ಲಿ ಮಾವ ಬ್ರೇಕ್ ಎಂದುಕೊಂಡು ಆಕ್ಸಿಲರೇಟರ್ ಒತ್ತಿ ಪಕ್ಕದ ಮನೆಯ ಹಿತ್ತಲಿಗೆ ನುಗ್ಗಿದ್ದರು. ಯಾರಿಗೂ ಏನೂ ಆಗಲಿಲ್ಲ. "ಸತ್ತಿದ್ದು ಮೂಲಂಗಿ ತಾನೇ, ಮನುಷ್ಯರಲ್ಲವಲ್ಲ" ಎಂದರು ಮಾವ. "ಇವತ್ತು ಮೂಲಂಗಿ ಕಣ್ರೀ. ಆ ಬೀದೀಲಿ ಬೆಳಿಗ್ಗೆ ಹಳದಿ ಟೋಪಿ ಹಾಕ್ಕೊಂಡು ಶಾಲೆ ಮಕ್ಕಳು ಸಾಲಾಗಿ ಹೋಗ್ತಾವಲ್ಲ, ಅವೇನು ಮೂಲಂಗಿನಾ?" ಎಂದರು ಅತ್ತೆ. ಆ ದಿನದಿಂದ ಅತ್ತೆಗೆ ಕೀಲಿ ಗೊಂಚಲಿನ ಸದ್ದು ಕೇಳಿದರೆ ಎದೆ ಧಸಕ್ಕೆನ್ನುತ್ತದೆ. ವಯಸ್ಸಾದವರು ಡ್ರೈವಿಂಗ್ ಲೈಸೆನ್ಸನ್ನು ತಾವಾಗಿಯೇ ಪೊಲೀಸರಿಗೆ ಹಿಂದಿರುಗಿಸುವುದು ನಮ್ಮಲ್ಲಿ ದೊಡ್ಡ ಮಾತು. ಮಾವನ ಗೆಳೆಯರೆಲ್ಲ ಹಿಂದಿರುಗಿಸಿ ಬಸ್ಸಿನಲ್ಲಿ ಓಡಾಡುತ್ತಿದ್ದಾರೆ. ಮಾವ ಮಾತ್ರ ಇಡೀ ಮನೆ ಅಂಗಲಾಚಿದರೂ ಮಿಸುಕಿರಲಿಲ್ಲ. ಕೊನೆಗೆ ನಮ್ಮ ಮದುವೆಯ ಊಟದಲ್ಲಿ, ಎಲ್ಲರೆದುರು ಎದ್ದು ನಿಂತು ಹೇಳಿದರು: "ಕಾರು ಈ ಮಕ್ಕಳಿಗೆ. ಇವರ ಮನೇಲಿ ಅದಕ್ಕೊಂದು ಜಾಗ ಸಿಕ್ಕ ದಿನವೇ ನನ್ನ ಲೈಸೆನ್ಸ್ ವಾಪಸ್ಸು." ಅತ್ತೆ ಅತ್ತುಬಿಟ್ಟರು. ಮದುಮಗಳನ್ನು ಬಿಟ್ಟುಕೊಡುವ ನನ್ನ ತಾಯಿಯೇ ಅತ್ತಿರಲಿಲ್ಲ.

ಈಗ ತಮಗೆ ಅರ್ಥವಾಗಿರಬಹುದು. ನಿಲ್ಲಿಸಲು ಜಾಗ ಇದೆಯೆಂದು ಪೊಲೀಸರಿಗೆ ತೋರಿಸದೆ ಈ ದೇಶದಲ್ಲಿ ಕಾರು ಯಾರ ಹೆಸರಿಗೂ ಬದಲಾಗದು. ನಮ್ಮ ಸುತ್ತಮುತ್ತ ಖಾಲಿ ಇರುವ ಜಾಗ ತಮ್ಮ ಹೊಟ್ಟೆಯಲ್ಲಿ ಮಾತ್ರ. ತಾವು ಕೆಂಪಗಾದರೆ ಕಾರು ಮಾವನ ಮನೆಗೆ, ಮಾವ ಸ್ಟೀರಿಂಗಿಗೆ, ಅತ್ತೆಯ ಜೀವ ಮತ್ತೆ ಬಾಯಿಗೆ. ಅಷ್ಟೆಲ್ಲವೂ ತೂಗುತ್ತಿದ್ದುದು ತಮ್ಮ ಎರಡು ಬೆರಳಿನ ಮೇಲೆ. ಇಷ್ಟು ದೊಡ್ಡ ಅಧಿಕಾರವನ್ನು ಇಷ್ಟು ಚಿಕ್ಕ ಕಣ್ಣಿನಲ್ಲಿ ಹೊತ್ತಿರುವ ತಮ್ಮ ಸರಳತೆ ನಿಜಕ್ಕೂ ದೊಡ್ಡದು.

ಕಂಬಿ ತೆಗೆಯೋಣ ಎಂದಳು ಸೊಸೆ, ಅಂದರೆ ನಾನು. ಅದೇ ಕಾರು ಕಂಬಿಯಿಲ್ಲದೆಯೂ ಮಾರಾಟವಾಗಿತ್ತೆಂದೂ, ಅದರ ಎತ್ತರ ಸರಿಯಾಗಿ ತಮ್ಮ ಮಿತಿಯಷ್ಟೇ ಎಂದೂ ನಾನು ಹುಡುಕಿ ಇಟ್ಟಿದ್ದೆ. ಮಾವ ಹಸಿರು ಚಹಾದ ಬಟ್ಟಲನ್ನು ಕೆಳಗಿಟ್ಟರು. ಆಮೇಲೆ ಹೇಳಿದರು: "ತೆಗೀರಿ. ಆದರೆ ಕಾರಿನ ಮೈ ಮೇಲೆ ಒಂದು ಗೀರು ಕಂಡರೂ ಅದೇ ಕ್ಷಣ ನಾನೇ ಓಡಿಸ್ಕೊಂಡು ವಾಪಸ್ ಹೋಗ್ತೀನಿ. ಹೇಳಿದ್ದೀನಿ ಈಗಲೇ."

ಹಾಗಾಗಿ ಭಾನುವಾರ ಬೆಳಿಗ್ಗೆ, ತಮ್ಮ ಎದುರಿನ ಅಂಗಳದಲ್ಲೇ, ತಾವು ಕಣ್ಣು ಮಿಟುಕಿಸದೆ ನೋಡುತ್ತಿರುವಾಗಲೇ ಕೆಲಸ ಶುರುವಾಯಿತು. ಮಾವ ಮಡಿಚುವ ಕುರ್ಚಿ ಹಾಕಿಕೊಂಡು ನ್ಯಾಯಾಧೀಶರ ಹಾಗೆ ಕೂತರು. ಕಂಬಿಯ ಅಕ್ಕಪಕ್ಕ ಬಣ್ಣ ಬಳಿಯುವವರ ಕಾಗದದ ಅಂಟುಪಟ್ಟಿ ಹಚ್ಚಿ, ಅದರ ಮೇಲೆ ಮದುವೆಗೆ ಉಡುಗೊರೆ ಬಂದ ಟವೆಲ್ಲುಗಳನ್ನೆಲ್ಲ ಹಾಸಿದೆವು. ಅಷ್ಟು ಟವೆಲ್ಲುಗಳನ್ನು ಜನ ಏಕೆ ಕೊಡುತ್ತಾರೆಂದು ಅಂದು ತಿಳಿಯಿತು. ಕಂಬಿಯ ತುದಿಯ ಮುಚ್ಚಳ ಎಬ್ಬಿಸಲು ಇತ್ಸುಕಿ ಸ್ಕ್ರೂಡ್ರೈವರ್ ಎತ್ತಿದ. ಮಾವ ಕೆಮ್ಮಿದರು. ಸ್ಕ್ರೂಡ್ರೈವರ್ ಡಬ್ಬಿಗೆ ಹಿಂದಿರುಗಿತು. ಆಗ ನಾನು ಮೇಲೆ ನಮ್ಮ ಮನೆಗೆ ಓಡಿಹೋಗಿ ಅನ್ನ ಬಡಿಸುವ ಪ್ಲಾಸ್ಟಿಕ್ ಸೌಟನ್ನು ತಂದೆ. "ಇನ್ನು ಈ ಮನೆಯ ಅನ್ನ ನಿನ್ನ ಕೈಯಲ್ಲಿ" ಎಂದು ಅತ್ತೆ ಎರಡೂ ಕೈಯಲ್ಲಿ ಹಿಡಿದು ಕೊಟ್ಟಿದ್ದ ಸೌಟು ಅದು. ತುದಿಗೆ ಬಟ್ಟೆ ಸುತ್ತಿ ಮೆಲ್ಲಗೆ ಮೀಟಿದರೆ ಮುಚ್ಚಳ ಟಪ್ ಎಂದು ಎದ್ದು ಬಂತು. ಈ ಸಂಗತಿ ಅತ್ತೆಗೆ ತಿಳಿಯಬಾರದೆಂದು ನಾನೂ ಇತ್ಸುಕಿಯೂ ಆಣೆ ಮಾಡಿಕೊಂಡಿದ್ದೆವು. ಈ ಪತ್ರ ಬಹಿರಂಗವಾದದ್ದು ಎಂಬುದು ಈಗಷ್ಟೇ ಹೊಳೆಯಿತು.

ಬೋಲ್ಟುಗಳಿಗೆ ತುಕ್ಕು ಹಿಡಿದಿತ್ತು. ಎಣ್ಣೆ ಬಿಟ್ಟು, ಅನ್ನದ ಉಂಡೆ ತಿಂದು, ಮತ್ತೆ ಎಣ್ಣೆ ಬಿಟ್ಟು, ಒಂದಿಷ್ಟು ಬಿಚ್ಚಿ ಒಂದಿಷ್ಟು ಬಿಗಿಸಿ, ಮತ್ತೆ ಬಿಚ್ಚಿ, ಹೀಗೆ ರಮಿಸಿ ರಮಿಸಿ ಹೊರಗೆ ತಂದೆವು. ಆದರೂ ಕಂಬಿ ಅಲುಗಲಿಲ್ಲ. ಅಡಿಯ ರಬ್ಬರ್ ಪಟ್ಟಿ ಕಾರಿನ ಮೈಗೆ ಕಚ್ಚಿಕೊಂಡಿತ್ತು. ಕಟ್ಟಡ ನೋಡಿಕೊಳ್ಳುವ ಉಕಾಯ್ ಅಮ್ಮನವರ ಕೋಣೆಯಿಂದ ಕರೆಂಟಿನ ವೈರ್ ಎಳೆದು, ನನ್ನ ಕೂದಲು ಒಣಗಿಸುವ ಯಂತ್ರದಿಂದ ಬಿಸಿಗಾಳಿ ಊದಿದೆ. ಉಕಾಯ್ ಅಮ್ಮ ಪೊರಕೆ ಹಿಡಿದು ಬಂದು ನಿಂತರು. "ಏನಮ್ಮಾ ಮದುಮಗಳೇ, ಕಾರಿಗೆ ಕ್ಷೌರಾನೋ ತಲೆ ಬಾಚೋದೋ?" ಎಂದರು. "ಎರಡೂ ಅಮ್ಮಾ, ಮದುವೆಗೆ ರೆಡಿ ಮಾಡ್ತಿದ್ದೀವಿ" ಎಂದೆ. "ಹುಡುಗ ಯಾರು?" ಎಂದರು. ನಾನು ತಮ್ಮತ್ತ ಕೈ ತೋರಿಸಿದೆ. "ಅಯ್ಯೋ, ಆ ವರ ಯಾರನ್ನೂ ಒಪ್ಪಲ್ಲ ಬಿಡು, ಹೋದ ವಾರ ಡಾಕ್ಟರ ಕಾರನ್ನೇ ವಾಪಸ್ ಕಳಿಸಿದ" ಎಂದು ತಮ್ಮ ಕೀರ್ತಿಯನ್ನು ಹಾಡಿ, ಎಲೆ ಗುಡಿಸುತ್ತ ಹೋದರು.

ರಬ್ಬರು ಬೆಚ್ಚಗಾದ ಮೇಲೆ ಹಲ್ಲುಸಂದಿ ಉಜ್ಜುವ ದಾರವನ್ನು ಕಂಬಿಯ ಅಡಿಗೆ ತೂರಿಸಿ, ಆ ತುದಿ ಅವನು ಈ ತುದಿ ನಾನು ಹಿಡಿದು ಗರಗಸದಂತೆ ಎಳೆದೆವು. ಅವನು ಎಳೆದಾಗ ನಾನು ಸಡಿಲ ಬಿಡಬೇಕು, ನಾನು ಎಳೆದಾಗ ಅವನು. ಹೊಸ ದಂಪತಿಗೆ ಇದಕ್ಕಿಂತ ಒಳ್ಳೆಯ ಪರೀಕ್ಷೆ ಬೇರಿಲ್ಲ, ಪುರೋಹಿತರು ಗಮನಿಸಬೇಕು. ಇಡೀ ಅಂಗಳಕ್ಕೆ ಪುದೀನಾ ಪರಿಮಳ ಹರಡಿತು. ಕೊನೆಗೆ ಮಾವ ಎದ್ದು ನಿಂತು, "ನೆಟ್ಟಗೆ ಮೇಲಕ್ಕೆ ಎತ್ತಿ. ಪಕ್ಕಕ್ಕೆ ಎಳೀಬೇಡಿ. ತೊಟ್ಟಿಲಿಂದ ಮಗೂನ ಎತ್ತೋ ಹಾಗೆ" ಎಂದರು. ಹಾಗೆಯೇ ಎತ್ತಿದೆವು.

ಕಂಬಿಗಳು ಎದ್ದ ಕಡೆ ಎರಡು ಉದ್ದನೆಯ ಪಟ್ಟೆಗಳಿದ್ದವು. ಕಾರಿನ ಉಳಿದ ಮೈಯೆಲ್ಲ ಬಿಸಿಲಿಗೆ ಬೆಳ್ಳಗಾಗಿದ್ದರೂ ಅಲ್ಲಿ ಮಾತ್ರ ಕಡು ಹಸಿರು, ಮಳೆ ನಿಂತ ಮೇಲಿನ ಪೈನ್ ಮುಳ್ಳಿನ ಹಾಗೆ. ಮಾವ ಹೆಬ್ಬೆರಳಿನಿಂದ ಅದನ್ನು ಒಮ್ಮೆ ಸವರಿದರು. "ಈ ಬಣ್ಣ ನೋಡೇ ತಗೊಂಡಿದ್ದೆ" ಎಂದರು. ಆಮೇಲೆ ಕನ್ನಡಕ ಏರಿಸಿ ಅಂಗುಲ ಅಂಗುಲ ಹುಡುಕಿದರು. ಗೀರಿಲ್ಲ, ನಗ್ಗಿಲ್ಲ. ತೂತುಗಳಿಗೆ ರಬ್ಬರ್ ಬಿರಡೆ ಒತ್ತಿ, ನೀರು ಇಳಿಯದಂತೆ ಅಂಟು ತುಂಬಿ, ನಾವು ಮೂವರೂ ಹೆಮ್ಮೆಯಿಂದ ತಮ್ಮ ಸನ್ನಿಧಿಗೆ ಬಂದೆವು.

"ಎತ್ತರ ಮೀರಿದೆ. ತೊಂದರೆಗಾಗಿ ಕ್ಷಮಿಸಿ."

ಮಾನ್ಯರೇ, ಆ ಹೊತ್ತಿನಲ್ಲಿ ತಮ್ಮ ಪ್ರಾಮಾಣಿಕತೆಯನ್ನು ಮೆಚ್ಚುವಷ್ಟು ದೊಡ್ಡ ಮನಸ್ಸು ನನ್ನಲ್ಲಿರಲಿಲ್ಲ. ಈಗ ಇದೆ. ಮದುವೆಮನೆಗಳ ಭಾಷಣಕಾರರ ಮುಂದೆ ತಮ್ಮನ್ನು ನಿಲ್ಲಿಸಬೇಕೆಂದೂ, ಗಂಡನ ಅಡುಗೆಯನ್ನು ಹೊಗಳುವ ಹೆಂಡತಿಯರ ಮಾತನ್ನು ತಮ್ಮಿಂದ ಅಳೆಸಬೇಕೆಂದೂ ನಾನು ಸರ್ಕಾರಕ್ಕೆ ಶಿಫಾರಸು ಮಾಡಬಲ್ಲೆ. ಅಂದು ಮಾತ್ರ, ಒಂದೇ ಒಂದು ಸಲ ತಾವು ಸೀನಬಾರದೇ, ಗಿಂಕೊ ಎಲೆಯೊಂದು ತಮ್ಮ ಮೇಲೆ ಬೀಳಬಾರದೇ ಎಂದು ಬೇಡಿಕೊಂಡೆ. ಎಲೆಗಳೆಲ್ಲ ಸೈಕಲ್ ಬುಟ್ಟಿಗೇ ಬಿದ್ದವು.

ಕಾರಣ ಮಾವನ ಬಾಯಿಂದಲೇ ಹೊರಬಂತು. "ಟೈರು" ಎಂದರು ಸಣ್ಣಗೆ. ಮಕ್ಕಳಿಗೆ ಹಳೆಯ ಟೈರಿನ ಕಾರು ಕೊಡುವುದೇ ಎಂದು, ನಮಗೆ ಹೇಳದೆ, ನಾಲ್ಕಕ್ಕೂ ದಪ್ಪನೆಯ ಹೊಸ ಟೈರು ಹಾಕಿಸಿದ್ದರು. ನಾವು ಕಂಬಿ ತೆಗೆದು ಇಳಿಸಿದ ಎತ್ತರದಲ್ಲಿ ಒಂದು ಚೂರನ್ನು ಅವರ ಪ್ರೀತಿ ಅಡಿಯಿಂದ ಏರಿಸಿತ್ತು. ಹೇಳಿಬಿಟ್ಟ ಮೇಲೆ ಅವರಿಗೆ ಅವಮಾನವಾಯಿತು, ಅವಮಾನ ಸಿಟ್ಟಾಯಿತು. "ಸಾಕು. ಕಾರು ನಂದು, ನಾನೇ ತಗೊಂಡು ಹೋಗ್ತೀನಿ. ನನ್ನ ಕಲ್ಲೂ ಕೊಟ್ಟುಬಿಡಿ" ಎಂದರು.

ಕಲ್ಲಿನ ವಿಷಯ ತಮಗೆ ಗೊತ್ತಿಲ್ಲ. ಮದುವೆಗೆ ಮಾವ ಕೊಟ್ಟ ಇನ್ನೊಂದು ಉಡುಗೊರೆ, ಅಂಗಳದಲ್ಲಿಟ್ಟು ನೀರು ತುಂಬುವ ಕಲ್ಲುಬಾನಿ. "ಮನೆ ಅಂದಮೇಲೆ ಒಂದು ಕಲ್ಲಿರಬೇಕಮ್ಮಾ" ಎಂದು ಹೇಳಿ ತಂದು ಇಳಿಸಿದ್ದರು. ನಮ್ಮದು ಒಂಬತ್ತನೆಯ ಮಹಡಿ. ಅಂಗಳವೆಂದರೆ ಚಪ್ಪಲಿ ಬಿಡುವ ಜಾಗ. ಎರಡು ಅಕ್ಕಿ ಮೂಟೆಯ ತೂಕದ ಆ ಬಾನಿ ಮದುವೆಯಾದಾಗಿನಿಂದ ಅಲ್ಲೇ ಕೂತಿತ್ತು, ನಾವು ಅದನ್ನು ಹಾರಿ ಹಾರಿ ಕೆಲಸಕ್ಕೆ ಹೋಗುತ್ತಿದ್ದೆವು. ವಾಪಸ್ ತೆಗೆದುಕೊಳ್ಳಿ ಎಂದು ಹೇಳಲು ನನಗೆ ಬಾಯಿ ಬರುತ್ತಿರಲಿಲ್ಲ. "ಎಷ್ಟು ಚೆನ್ನಾಗಿದೆ ಮಾವ, ಬಾಲ್ಕನಿಗೆ ಭಾರವಾಗಬಹುದೇನೋ" ಎಂದು ಮಾತ್ರ ಪ್ರತಿ ಫೋನಿನಲ್ಲೂ ಹಾಡಿದ್ದೆ. ಅಂದು ಅಪ್ಪ ಮಗ ಇಬ್ಬರೂ ಟವೆಲ್ಲಿನಲ್ಲಿ ಜೋಲಿ ಕಟ್ಟಿ ಬಾನಿಯನ್ನು ಕೆಳಗಿಳಿಸಿ ಡಿಕ್ಕಿಗೆ ಹಾಕಿದರು. ಹಿಂದಿನ ಚಕ್ರಗಳು ನಿಟ್ಟುಸಿರು ಬಿಟ್ಟವು. ಮಾವ ಸ್ಟೀರಿಂಗಿನ ಹಿಂದೆ ಕೂತರು. ನಾನು ಹಳದಿ ಟೋಪಿಗಳ ಸಾಲನ್ನು ನೆನೆದು ಇತ್ಸುಕಿಯ ತೋಳು ಹಿಡಿದುಕೊಂಡೆ.

ಅಷ್ಟು ಕಿರಿದಾದ ಅಂಗಳದಿಂದ ಬೀದಿಗೆ ತಿರುಗಬೇಕಾದರೆ ಒಮ್ಮೆ ತಮ್ಮ ಬಾಗಿಲಿನ ತಿರುಗುವ ಹಲಗೆಯ ಮೇಲೆ ಕಾರು ಹತ್ತಿಸಲೇಬೇಕು. ಮಾವ ಹತ್ತಿಸಿದರು. ಆಗ ತಾವು, ಯಾವ ಪಶ್ಚಾತ್ತಾಪವೂ ಇಲ್ಲದೆ, ಹಸಿರಾದಿರಿ.

"ಸ್ವಾಗತ. ದಯವಿಟ್ಟು ಮುಂದಕ್ಕೆ ಬನ್ನಿ."

ಮಾವನನ್ನು ಇಳಿಸಿ ಇತ್ಸುಕಿಯನ್ನು ಕೂರಿಸಿದೆವು: ಹಸಿರು. ಕಲ್ಲು ಇಳಿಸಿದೆವು: ಕೆಂಪು. ಮತ್ತೆ ಹೇರಿದೆವು: ಭಾರಕ್ಕೆ ಕಾರು ಒಂದು ಚೂರು ತಗ್ಗಿತು, ಹಸಿರು. ಉಕಾಯ್ ಅಮ್ಮ ಪೊರಕೆಗೆ ಗದ್ದ ಊರಿ, "ವರನಿಗೆ ಬೇಕಿದ್ದಿದ್ದು ಕಲ್ಲು ಕಣಮ್ಮಾ" ಎಂದರು. ಮಾವ ತಲೆ ಹಿಂದಕ್ಕೆ ಎಸೆದು ನಕ್ಕ ನಗುವನ್ನು ತಾವು ಅಳೆದಿದ್ದರೆ ಖಂಡಿತ ಎತ್ತರ ಮೀರುತ್ತಿತ್ತು. "ನಾನು ಹೇಳಲಿಲ್ವಾ, ಮನೆ ಅಂದಮೇಲೆ ಒಂದು ಕಲ್ಲಿರಬೇಕು ಅಂತ?"

ಕಾಗದಪತ್ರಗಳೆಲ್ಲ ಮುಗಿದ ದಿನ ಮಾವ ಹೊಸ ಟೋಪಿ ಹಾಕಿಕೊಂಡು ಬಂದು ಪೊಲೀಸ್ ಠಾಣೆಗೆ ಹೋದರು. ಲೈಸೆನ್ಸನ್ನು ಮೇಜಿನ ಮೇಲಿಟ್ಟರು, ಆದರೆ ಅದರ ಮೇಲಿಂದ ಬೆರಳು ತೆಗೆಯಲು ಸ್ವಲ್ಪ ಹೊತ್ತು ಹಿಡಿಯಿತು. ಮೇಜಿನಾಚೆಯ ಹುಡುಗಿ ಕಾದಳು, ನಾವೂ ಕಾದೆವು. ಹೊರಗೆ ಬಂದು ಅವರು ಕೇಳಿದ್ದು ಒಂದೇ, ಆ ಕಂಬಿಗಳು. ಎರಡನ್ನೂ ಹೂವಿನ ಬಟ್ಟೆಯಲ್ಲಿ ಸುತ್ತಿ, ಏಣಿಯನ್ನು ಹೊರುವ ಹಾಗೆ ಹೆಗಲ ಮೇಲಿಟ್ಟುಕೊಂಡು, ರೈಲು ಹತ್ತಿದರು. ಸಂಜೆ ಅತ್ತೆಯ ಫೋನು: "ಕಾರಿನ ಸದ್ದಿಲ್ಲ, ಕೀಲಿ ಸದ್ದಿಲ್ಲ ಕಣೇ. ಬಾಗಿಲು ತೆಗೆದರೆ ಮೊದಲು ಎರಡು ಕಂಬಿ ಒಳಗೆ ಬಂದವು, ಹಿಂದೆ ಇವರು ನಡಕೊಂಡು." ಈಗ ಆ ಕಂಬಿಗಳು ಅವರ ಹಿತ್ತಲ ಗೋಡೆಯಲ್ಲಿವೆ, ಮೇಲೆ ಏಣಿ ಮಲಗಿದೆ.

ಇಷ್ಟಾದ ಮೇಲೂ ದೂರು ದೂರೇ. ನಮ್ಮ ಡಿಕ್ಕಿಯಲ್ಲಿ ಈಗ ಒಂದು ಎಲೆಕೋಸಿಗೂ ಜಾಗವಿಲ್ಲ. ಮುಂದೊಂದು ದಿನ ಮಗುವಿನ ತಳ್ಳುಗಾಡಿ ಬಂದರೆ ಅದನ್ನು ಎಲ್ಲಿಡಬೇಕೆಂದು ತಾವೇ ತಿಳಿಸಬೇಕು. ನೆತ್ತಿಯ ಮೇಲೆ ಕಟ್ಟೋಣವೆಂದರೆ ಕಂಬಿಗಳಿಲ್ಲ. ಆದ್ದರಿಂದ ತಾವು ದೊಡ್ಡ ಮನಸ್ಸು ಮಾಡಿ ಒಂದು ಚೂರು ಮೇಲಕ್ಕೆ ಬೆಳೆಯಬೇಕು, ಇಲ್ಲವೇ ಭೂಮಿಯೇ ಒಂದು ಚೂರು ತಗ್ಗಬೇಕು. ಎರಡರಲ್ಲಿ ತಮಗೆ ಅನುಕೂಲವಾದದ್ದನ್ನು ಆಯ್ದುಕೊಳ್ಳಬಹುದು, ನಮ್ಮಿಂದ ಒತ್ತಾಯವಿಲ್ಲ.

ತಮ್ಮೆದುರು ದಿನವೂ ಕಲ್ಲು ಹೊತ್ತು ತಲೆತಗ್ಗಿಸಿ ಬರುವ
ತಮ್ಮ ವಿಶ್ವಾಸಿ,
ಕೊಹಾರು ನಿಶಿವಾಕಿ

ತಾ.ಕ.: ತಾವು ಬೆಳೆಯದಿದ್ದರೂ ಚಿಂತೆಯಿಲ್ಲ, ಟೈರು ಸವೆದಷ್ಟೂ ಕಾರು ತಗ್ಗುತ್ತದೆ, ಆಗ ಕಲ್ಲನ್ನು ಮರ್ಯಾದೆಯಿಂದ ಹಿಂದಿರುಗಿಸಬಹುದು ಎಂದು ನಾನೂ ಇತ್ಸುಕಿಯೂ ಒಂದು ರಾತ್ರಿ ತಮ್ಮೆದುರಿನ ಅಂಗಳದಲ್ಲಿ ನಿಂತು ಗುಟ್ಟಾಗಿ ಸಮಾಧಾನ ಪಟ್ಟುಕೊಂಡಿದ್ದೆವು. ನಿನ್ನೆ ಮಾವ ಫೋನು ಮಾಡಿ, ಮದುವೆಯ ಪ್ರತಿ ವಾರ್ಷಿಕೋತ್ಸವಕ್ಕೂ ನಾಲ್ಕು ಹೊಸ ಟೈರು ನನ್ನ ಕಡೆಯಿಂದಲೇ ಎಂದು ತಿಳಿಸಿದರು. ಅವರಿಗೆ ನಮ್ಮ ಗುಟ್ಟು ಹೇಳಿದವರು ಯಾರು? ಆ ಅಂಗಳದಲ್ಲಿ ನಮ್ಮ ಹೊರತು ಇದ್ದವರು ತಾವೊಬ್ಬರೇ.