ಹೊಗೆಗೂಡಿನ ಎಡಗಾಲು ಬೂಟು

ಗಾರೆ ಕೆಲಸದ ಬ್ಯಾರಿ ನಾಕ್ಸ್ ಐದನೆಯ ಇಟ್ಟಿಗೆ ಕಿತ್ತಾಗ ಅದರ ಹಿಂದಿನಿಂದ ಒಂದು ಬೂಟು ಬಿತ್ತು. ಮಗುವಿನದು, ಎಡಗಾಲಿನದು, ಹೊತ್ತಿಹೋದ ರೊಟ್ಟಿಯ ಅಂಚಿನಂತೆ ಮುರುಟಿತ್ತು. ಆಗ ಮಂಗಳವಾರ ಬೆಳಿಗ್ಗೆ ಒಂಬತ್ತು ಇಪ್ಪತ್ತು. ಮನೆಯ ಯಜಮಾನ ಸಿರಿಲ್ ಮಡ್ಜ್ ಅದನ್ನು ಕಂಡು ಹಿರಿಹಿರಿ ಹಿಗ್ಗಿದ.

ಅಂಚೆ ಕಚೇರಿಯಲ್ಲಿ ಮೂವತ್ತನಾಲ್ಕು ವರ್ಷ ಕಾಗದ ವಿಂಗಡಿಸಿ ನಿವೃತ್ತನಾದ ಸಿರಿಲ್, ಹ್ಯಾಲ್ಸ್‌ಬರಿಯ ಬೆಣ್ಣೆಕಟ್ಟೆ ಬೀದಿಯ ಏಳನೇ ನಂಬರಿನ ಮನೆ ಕೊಂಡು ಎಂಟು ತಿಂಗಳಾಗಿತ್ತು. ಚಳಿಗೆ ಮುಂಚೆ ಹೊಸ ಕಬ್ಬಿಣದ ಒಲೆ ಕೂರಿಸಬೇಕೆಂದು ಹೊಗೆಗೂಡು ಬಿಚ್ಚಿಸಿದ್ದ. ಸಿಕ್ಕಿದ ಬೂಟನ್ನು ಪತ್ರಿಕೆಯಲ್ಲಿ ಸುತ್ತಿಕೊಂಡು ಹತ್ತು ಗಂಟೆಗೆ ಊರಿನ ಮ್ಯೂಸಿಯಮ್ಮಿಗೆ ಹೋಗಿ ಅಲ್ಲಿನ ಮೇಲ್ವಿಚಾರಕಿ ಮಿಸ್ ಕೋಪ್ ಅವರ ಕೈಗೆ ಕೊಟ್ಟ. ಗಾಜಿನ ಪೆಟ್ಟಿಗೆಯ ಕೆಳಗೆ ತನ್ನ ಹೆಸರಿರುವ ಚೀಟಿ ಹೇಗೆ ಕಾಣಬಹುದೆಂದು ಯೋಚಿಸುತ್ತ ಮನೆಗೆ ಬಂದ.

ಬಾಗಿಲಲ್ಲಿ ಒಂಬತ್ತನೇ ನಂಬರಿನ ಡೋರೀನ್ ಟ್ರಾಂಟರ್ ನಿಂತಿದ್ದಳು. ಎರಡು ಮನೆಗಳ ನಡುವಿನ ಗೋಡೆ ತೆಳು. ಬೂಟಿನ ಸುದ್ದಿ ಆಕೆಗೆ ಬ್ಯಾರಿ ಬಾಯಿ ತೆರೆದಾಗಲೇ ಗೊತ್ತಾಗಿತ್ತು.

"ಕೊಟ್ಟೇಬಿಟ್ಯಾ? ಯಾರನ್ನ ಕೇಳಿ ಕೊಟ್ಟೆಯಪ್ಪಾ?" ಎಂದಳು.

ಆಮೇಲೆ ಇಪ್ಪತ್ತು ನಿಮಿಷ ಆಕೆ ಒಬ್ಬಳೇ ಮಾತಾಡಿದಳು. ಹಿಂದಿನವರು ಆ ಬೂಟನ್ನು ಮರೆತು ಬಿಟ್ಟದ್ದಲ್ಲ, ಬೇಕೆಂದೇ ಅಡಗಿಸಿಟ್ಟದ್ದು. ಹೊಗೆಗೂಡಿನಿಂದ ಇಳಿಯುವ ಕೆಟ್ಟದ್ದು ಬೂಟನ್ನು ಮನುಷ್ಯನೆಂದು ತಿಳಿದು ಅದರೊಳಗೇ ಸಿಕ್ಕಿಕೊಳ್ಳಲಿ ಎಂದು. ಅದು ಮನೆಯಿಂದ ಆಚೆ ಹೋದರೆ, ಮನೆ ಯಾರ ಹೆಸರಲ್ಲಿದೆಯೋ ಅವರು ಆ ದಿನ ದೀಪ ಹಚ್ಚುವುದನ್ನು ನೋಡುವುದಿಲ್ಲ. ಸಾವಿರದ ಎಂಟುನೂರ ತೊಂಬತ್ತಮೂರರಲ್ಲಿ ಇದೇ ಬೀದಿಯ ಧಾನ್ಯದ ವ್ಯಾಪಾರಿ ಜೊಸಾಯ ಫೆನ್ ತನ್ನ ಮನೆಯಲ್ಲಿ ಸಿಕ್ಕ ಇಂಥದೇ ಬೂಟನ್ನು ತಿಪ್ಪೆಗೆ ಎಸೆದ; ಅದೇ ಮಧ್ಯಾಹ್ನ ಸಂತೆಯಲ್ಲಿ ಹೋರಿ ತಿವಿದು ಸತ್ತ.

ಆ ವರ್ಷದ ವಾರಪತ್ರಿಕೆಯ ಕಡತದಲ್ಲಿರುವಂತೆ ಹೋರಿಯನ್ನು ಕಟ್ಟಿಹಾಕಲಾಗಿತ್ತು. ಫೆನ್ ಹರಿದುಕೊಂಡದ್ದು ಷರಾಯಿ ಮಾತ್ರ. ಅವನು ಸತ್ತದ್ದು ಹನ್ನೊಂದು ವರ್ಷದ ಮೇಲೆ, ಸಮುದ್ರತೀರದ ಊರೊಂದರಲ್ಲಿ, ಕೆಮ್ಮಿನಿಂದ. ಆದರೆ ಹ್ಯಾಲ್ಸ್‌ಬರಿಯಲ್ಲಿ ಯಾರೂ ಕಡತವನ್ನು ಕೇಳುವುದಿಲ್ಲ. ಡೋರೀನ್‌ಳನ್ನು ಕೇಳುತ್ತಾರೆ.

ಸಿರಿಲ್ ಮ್ಯೂಸಿಯಮ್ಮಿಗೆ ಓಡಿದ. ಮಂಗಳವಾರ ಅದು ತೆರೆದಿರುವುದು ಹತ್ತರಿಂದ ಹನ್ನೊಂದು, ಮತ್ತೆ ಎರಡರಿಂದ ಮೂರು. ಅವನು ಬಾಗಿಲು ಬಡಿದಾಗ ಹನ್ನೊಂದು ಗಂಟೆ ಐದು ನಿಮಿಷ. ಭಾನುವಾರವಷ್ಟೇ, ಚಳಿಗಾಲದ ವೇಳೆಗೆಂದು, ದೇಶದ ಗಡಿಯಾರಗಳನ್ನೆಲ್ಲ ಒಂದು ಗಂಟೆ ಹಿಂದಕ್ಕೆ ತಿರುಗಿಸಿದ್ದರು. ಸೂರ್ಯ ಮುಳುಗುವುದು ಈಗ ನಾಲ್ಕು ನಲವತ್ತಕ್ಕೆ. ಸರ್ಕಾರ ತನ್ನ ಆಯುಷ್ಯದಲ್ಲೇ ಒಂದು ಗಂಟೆ ಕತ್ತರಿಸಿದೆ ಎಂದು ಅವನಿಗೆ ಖಾತ್ರಿಯಾಯಿತು.

ಮನೆಗೆ ಹೋದರೆ ಗೋಡೆಯಲ್ಲಿ ಕಪ್ಪು ತೂತು. ಅದರಿಂದ ತಣ್ಣನೆಯ ಗಾಳಿ ಬಂದು ಹಿಂಗತ್ತಿಗೆ ತಾಕುತ್ತಿತ್ತು. ಕೆಟಲ್ ಮುಟ್ಟಿದರೆ ಕರೆಂಟ್ ಹೊಡೆದೀತು, ಮೆಟ್ಟಿಲು ಹತ್ತಿದರೆ ಜಾರೀತು ಎಂದು ಸಿರಿಲ್ ಕೋಣೆಯ ನಟ್ಟನಡುವೆ ಕೈಕಟ್ಟಿ ನಿಂತ. ತೂತಿನೊಳಗೆ ಏನೋ ಕೆರೆದ ಸದ್ದಾಯಿತು. ಕಾಗೆ ಎಂದ ಬ್ಯಾರಿ. ಕಾಗೆ ಹಾಗೆ ಉಸಿರಾಡುವುದಿಲ್ಲ ಎಂದ ಸಿರಿಲ್. ಬ್ಯಾರಿ ಸ್ವಲ್ಪ ಹೊತ್ತು ಕಿವಿಗೊಟ್ಟು ಕೇಳಿದ. ಆಮೇಲೆ ತನ್ನ ಸಾಮಾನುಗಳನ್ನು ಬಾಗಿಲ ಹತ್ತಿರಕ್ಕೆ ಜರುಗಿಸಿಕೊಂಡ.

"ಯಜಮಾನ್ರೇ, ಬೇಜಾರ್ ಮಾಡ್ಕೋಬೇಡಿ," ಎಂದ. "ಒಲೆ ಈಗ್ಲೇ ಕೂರಿಸ್ಲಾ, ಇಲ್ಲ ಸಂಜೆ ತನಕ ನೋಡೋಣ್ವಾ?"

ಮನೆಗಿಂತ ಬಯಲು ಮೇಲೆಂದು ಸಿರಿಲ್ ಹೊರಬಿದ್ದ. ಅಂದು ಸಂತೆ. ಚೌಕದಲ್ಲಿ ಲಾರಿಯಿಂದ ಹೋರಿಗರುಗಳನ್ನು ಇಳಿಸುತ್ತಿದ್ದರು. ಕಂದು ಬಣ್ಣದ ಒಂದು ಕರು ತಲೆಯೆತ್ತಿ ಅವನನ್ನೇ ನೋಡಿತು. ಸಿರಿಲ್ ಚೌಕದ ನಡುವೆ ಹಿಂದೆ ಬೆಣ್ಣೆ ಮಾರುತ್ತಿದ್ದ ಬೆಣ್ಣೆಕಟ್ಟೆಯ ಕಲ್ಲಿನ ಮೆಟ್ಟಿಲು ಹತ್ತಿ, ನಡುವಿನ ಕಂಬ ತಬ್ಬಿಕೊಂಡು, ಮಳೆಗೆ ಸಿಕ್ಕಿದ ಟರ್ಕಿ ಕೋಳಿಯಂತೆ ಮುಕ್ಕಾಲು ಗಂಟೆ ಅಲ್ಲೇ ನಿಂತ.

ಅಷ್ಟರಲ್ಲಿ ಡೋರೀನ್‌ಳ ಬಾಯಿಯಿಂದ ಸುದ್ದಿ ಇಡೀ ಸಂತೆಗೆ ಹರಡಿತ್ತು. ಹಂದಿಮಾಂಸದ ಕಡುಬಿನವನು ಒಂದು ಕಡುಬು ಕೊಟ್ಟು, ಇವತ್ತು ಪಥ್ಯ ನೋಡಬೇಡಿ ಎಂದ. ಮೊಟ್ಟೆ ಮಾರುವ ಹೆಂಗಸು ಕೈ ಹಿಡಿದುಕೊಂಡು ಬಹಳ ಹೊತ್ತು ಬಿಡಲಿಲ್ಲ. ಚರ್ಚಿನ ಗಾಯನ ಮಂಡಳಿಯವನೊಬ್ಬ ಬಂದು, ನಿಮಗೆ ಯಾವ ಕೀರ್ತನೆ ಇಷ್ಟ ಎಂದು ವಿಚಾರಿಸಿದ. ಸುಮ್ಮನೆ ಕೇಳಿದ್ದು ಎಂದು ಸೇರಿಸಿ, ಉತ್ತರವನ್ನು ಬರೆದುಕೊಂಡ.

ಎರಡು ಗಂಟೆಗೆ ಮ್ಯೂಸಿಯಮ್ಮಿನ ಬಾಗಿಲು ತೆರೆಯುತ್ತಲೇ ಅವನು ಒಳಗೆ ಬಿದ್ದ.

ಮಿಸ್ ಕೋಪ್ ಸಮಾಧಾನದ ಹೆಂಗಸು. ಬೂಟು ಫ್ರೀಜರಿನಲ್ಲಿದೆ ಎಂದರು. ಚರ್ಮದಲ್ಲಿ ಹುಳ ಇರುತ್ತದೆ, ಹೊರಗಿನಿಂದ ಬಂದದ್ದೆಲ್ಲ ಹದಿನಾಲ್ಕು ದಿನ ಹಿಮದಲ್ಲಿರಬೇಕು, ಅದು ನಿಯಮ. ತನಗೆ ಉಳಿದಿರುವುದು ಎರಡು ಗಂಟೆ ನಲವತ್ತು ನಿಮಿಷ ಎಂದು ಸಿರಿಲ್ ಹೇಳಿದ. ಆಕೆ ನಗಲಿಲ್ಲ, ಇಂಥವರನ್ನು ಮೊದಲೂ ನೋಡಿದ್ದರು. ಆದರೆ ಅರ್ಜಿ ಬೇಕು, ಸಮಿತಿ ಸೇರಬೇಕು ಎಂದರು. ಸಮಿತಿ ಯಾವಾಗ ಸೇರುತ್ತದೆಂದು ಕೇಳಿದರೆ, ಜನವರಿಯಲ್ಲಿ.

ಸಿರಿಲ್ ಅಲ್ಲೇ ನೆಲದ ಮೇಲೆ ಕುಳಿತು ಅಳತೊಡಗಿದ. ಅರವತ್ತೊಂದು ವರ್ಷದ ಗಂಡಸು ಟೈ ಕಟ್ಟಿಕೊಂಡು ಅಳುವುದನ್ನು ಮಿಸ್ ಕೋಪ್ ನೋಡಲಾರದೆ ಹೋದರು. ಒಳಗೆ ಹೋಗಿ, ಹಿಮ ಹಿಡಿದ ಬಿಳಿ ಚೀಲವೊಂದನ್ನು ತಂದುಕೊಟ್ಟರು. "ಬಿಚ್ಚಬೇಡಿ ಮಡ್ಜ್ ಅವ್ರೇ, ಪುಡಿಯಾಗುತ್ತೆ. ಹಾಗೇ ಇಟ್ಟುಬಿಡಿ. ನಾನು ಕೊಟ್ಟೆ ಅಂತ ಯಾರಿಗೂ ಹೇಳ್ಬೇಡಿ."

ಮೂರು ಇಪ್ಪತ್ತಕ್ಕೆ ಚೀಲ ಗೋಡೆಯೊಳಗೆ ಹೋಯಿತು. ಬ್ಯಾರಿ ಐದು ಇಟ್ಟಿಗೆ ಕೂರಿಸಿ ಗಾರೆ ಮೆತ್ತಿದ. ಸಿರಿಲ್ ಹಸಿ ಗಾರೆಯ ಮೇಲೆ ಅಂಗೈಯಿಟ್ಟು ನಿಂತ. ಕೆರೆಯುವ ಸದ್ದಿರಲಿಲ್ಲ. ಆ ದಿನ ಮೊದಲ ಸಲ ಅವನೇ ಕೆಟಲ್ ಮುಟ್ಟಿ ಚಹಾ ಮಾಡಿದ.

ಸಾಕ್ಷಿಗೆಂದು ಡೋರೀನ್ ಗಂಡ ರೆಜ್‌ನನ್ನೂ ಕರೆದುಕೊಂಡು ಬಂದಳು, ಜೊತೆಗೆ ಒಂದು ಕೇಕು. ರೆಜ್ ಮೂಲೆಯ ಕುರ್ಚಿಯಲ್ಲಿ ಕುಳಿತು ಬಟ್ಟಲು ಹಿಡಿದುಕೊಂಡ. ಹೆಂಡತಿ ಮಾತಾಡುವಾಗ ಅವನು ಮಾತಾಡುವವನಲ್ಲ. ಹಾಗಾಗಿ ಅವನ ದನಿ ಬೀದಿಯಲ್ಲಿ ಹಲವರು ಕೇಳಿಯೇ ಇರಲಿಲ್ಲ. ತಾನು ಹೇಳಿದ್ದಕ್ಕೇ ಒಂದು ಜೀವ ಉಳಿಯಿತು ಎಂದು ಡೋರೀನ್ ಹೇಳಿದಳು. ಸಿರಿಲ್ ನಿಜವೆಂದು ಒಪ್ಪಿ ಇನ್ನೊಂದು ತುಂಡು ಕೇಕು ತಿಂದ.

ನಾಲ್ಕು ಗಂಟೆ ಐದು ನಿಮಿಷಕ್ಕೆ ಬಾಗಿಲು ತಟ್ಟಿದ್ದು ಮಿಸ್ ಕೋಪ್. ಟೋಪಿ ಓರೆಯಾಗಿತ್ತು, ಉಸಿರು ಮೇಲೆ ಕೆಳಗಾಗುತ್ತಿತ್ತು.

"ಮಡ್ಜ್ ಅವ್ರೇ, ತಪ್ಪಾಗಿದೆ. ಅದು ನಿಮ್ಮ ಬೂಟಲ್ಲ," ಎಂದರು. "ಹಳೇವನ್ನೂ ವರ್ಷಕ್ಕೊಂದ್ಸಲ ಫ್ರೀಜರಿಗೆ ಹಾಕ್ತೀವಿ. ಅವಸರದಲ್ಲಿ ಪಕ್ಕದ ಚೀಲ ಕೈಗೆ ಬಂತು."

ತನ್ನದೆಲ್ಲಿ ಎಂದು ಸಿರಿಲ್ ಕೇಳಿದ. ಎಕ್ಸ್‌ರೇಗೆ ಹೋಗಬೇಕಿದ್ದ ಹಳೆಯ ಬೂಟಿನ ಬದಲು ಅದೇ ಮೂರು ಗಂಟೆಯ ವ್ಯಾನಿನಲ್ಲಿ ಜಿಲ್ಲಾ ಮ್ಯೂಸಿಯಮ್ಮಿಗೆ ಹೋಯಿತು, ಶುಕ್ರವಾರ ಬರುತ್ತದೆ ಎಂದರು ಮಿಸ್ ಕೋಪ್.

ಹಾಗಾದರೆ ಗೋಡೆಯೊಳಗೆ ಇರುವುದು ಯಾರದು ಎಂದು ಡೋರೀನ್ ಕೇಳಿದಳು. ಅವಳ ದನಿಯಲ್ಲಿ ಆಸಕ್ತಿಯಷ್ಟೇ ಇತ್ತು. ಮಿಸ್ ಕೋಪ್ ಕನ್ನಡಕ ಹಾಕಿಕೊಂಡು ಕೈಯಲ್ಲಿದ್ದ ಚೀಟಿ ಓದಿದರು: "ಒಂಬತ್ತನೇ ನಂಬರು, ಬೆಣ್ಣೆಕಟ್ಟೆ ಬೀದಿ, ಹಿಂದಿನ ಹೊಗೆಗೂಡು. ಸಾವಿರದ ಒಂಬೈನೂರ ಎಂಬತ್ತೇಳು, ಮಾರ್ಚ್. ಕೊಟ್ಟವರು ಆರ್. ಟ್ರಾಂಟರ್."

ರೆಜ್ ಬಟ್ಟಲನ್ನು ತಟ್ಟೆಯ ಮೇಲಿಟ್ಟ.

ಡೋರೀನ್‌ಳ ಮುಖ ಸುಣ್ಣದಂತಾಯಿತು. ಗಂಡನನ್ನು ಏನೂ ಕೇಳಲಿಲ್ಲ, ಕೇಳಲು ಹೊತ್ತಿರಲಿಲ್ಲ. ಬ್ಯಾರಿಯ ಸುತ್ತಿಗೆ ಎತ್ತಿಕೊಂಡು ತಾನೇ ಗೋಡೆಗೆ ಹೊಡೆದಳು. ಮೂರು ಏಟಿಗೆ ಹಸಿ ಗಾರೆ ಸೀಳಿತು. ತೂತಿಗೆ ಭುಜದವರೆಗೆ ಕೈ ಹಾಕಿ ಚೀಲ ಎಳೆದಳು, ಎದೆಗೆ ಅವುಚಿಕೊಂಡಳು, ಬ್ಯಾರಿಯ ತೋಳು ಹಿಡಿದು ತನ್ನ ಮನೆಗೆ ಎಳೆದುಕೊಂಡು ಹೋದಳು. ಮಿಸ್ ಕೋಪ್ ಪುಡಿಯಾಗುತ್ತೆ, ಪುಡಿಯಾಗುತ್ತೆ ಎನ್ನುತ್ತ ಹಿಂದೆ ಓಡಿದರು.

ನಾಲ್ಕು ಹದಿನೆಂಟು. ಗೋಡೆಯಲ್ಲಿ ತೂತು ಮೊದಲಿಗಿಂತ ದೊಡ್ಡದಾಗಿತ್ತು. ಒಳಗೆ ಏನೋ ಮತ್ತೆ ಕೆರೆಯಿತು. ಸಿರಿಲ್ ಕುರ್ಚಿಯ ಬೆನ್ನು ಹಿಡಿದು ನಿಂತ.

ರೆಜ್ ಎದ್ದು ಬಂದು ಅವನ ಭುಜದ ಮೇಲೆ ಕೈಯಿಟ್ಟ.

"ಹೆದರ್ಕೋಬೇಡ ಕಣೋ. ಏನೂ ಆಗಲ್ಲ," ಎಂದ. ದನಿ ಅಷ್ಟು ಮೆಲ್ಲಗಿದ್ದರೂ ಸ್ಪಷ್ಟವಾಗಿತ್ತು.

"ನಿಮಗೆ ಹೇಗೆ ಗೊತ್ತು?"

"ನಮ್ಮ ಮನೆ ಅವಳ ಹೆಸರಲ್ಲಿದೆ." ರೆಜ್ ಕಿಟಕಿಯಾಚೆ ಕೆಂಪೇರುತ್ತಿದ್ದ ಆಕಾಶ ನೋಡಿದ. "ಬೂಟು ಕೊಟ್ಟುಬಂದ ದಿನ ನಾನು ದೀಪ ಹಚ್ಚೋವರೆಗೂ ಕಾದೆ. ಆಮೇಲೆ ಒಂದು ವಾರನೂ ಕಾದೆ. ಏನೂ ಆಗ್ಲಿಲ್ಲ. ಅಡುಗೆ ಮನೆಯಿಂದ ನನ್ನ ಕೂಗ್ತಾನೇ ಇದ್ಲು."

ಟೋಪಿ ಹಾಕಿಕೊಂಡು ಅವನು ಹೊರಟುಹೋದ.

ಸಿರಿಲ್ ನಿಂತೇ ಇದ್ದ. ನಾಲ್ಕು ನಲವತ್ತಾಯಿತು. ಚೌಕದಲ್ಲಿ ದೀಪಗಳು ಹೊತ್ತಿಕೊಂಡವು. ಅವನು ಅವನ್ನು ನೋಡಿದ, ಒಂದೊಂದಾಗಿ ಎಣಿಸಿದ, ಹನ್ನೊಂದು ಇದ್ದವು. ಅವನು ಬದುಕಿದ್ದ. ಹೊಗೆಗೂಡಿನಲ್ಲಿ ಇರುವುದು ಕಾಗೆಯೇ ಎಂದು ಈಗ ಅವನಿಗೂ ಅನ್ನಿಸಿತು.

ಬಾಗಿಲು ತಟ್ಟದೆ ಡೋರೀನ್ ಒಳಗೆ ಬಂದಳು. ಕೈಯಲ್ಲಿ ಬ್ಯಾರಿಯ ಸುತ್ತಿಗೆ ಇನ್ನೂ ಇತ್ತು, ತೋಳಿನವರೆಗೆ ಮಸಿ. ಕದ ಹಾಕಿ, ಅದಕ್ಕೆ ಬೆನ್ನು ಕೊಟ್ಟು ನಿಂತಳು.

"ಗೋಡೆ ತೆಳು, ಸಿರಿಲ್. ನಮ್ಮನೆಯವರು ನಿನ್ನ ಹತ್ರ ಮಾತಾಡಿದ್ದು ಕೇಳಿಸ್ತು," ಎಂದಳು. "ಏನು ಅಂತ ಕೇಳಿಸ್ಲಿಲ್ಲ. ನೀನು ಹೇಳು."