ಊದಿ ನೋಡಿದ ರೈಲು

ನಮ್ಮ ಕಾರ್ಖಾನೆಯ ಸೀಟಿಯನ್ನು ಒಮ್ಮೆ ಜೋರಾಗಿ ಊದಿದಾಗ ಆಕಾಶದಲ್ಲಿ ಹೋಗುತ್ತಿದ್ದ ವಿಮಾನ ಗಕ್ಕನೆ ನಿಂತು, ಪೈಲಟ್ಟು ಕಿಟಕಿಯಿಂದ ತಲೆ ಹೊರಗೆ ಹಾಕಿ "ನನ್ನನ್ನೇನಾ ಕರೆದದ್ದು?" ಎಂದು ಕೇಳಿದ್ದ. ಇದನ್ನು ನಾನು ಕಣ್ಣಾರೆ ಕಂಡಿದ್ದೇನೆ. ನಂಬದವರು ಆ ಪೈಲಟ್ಟನ್ನೇ ವಿಚಾರಿಸಬಹುದು.

ಇಂಥ ಸೀಟಿಗಳನ್ನು ಮಾಡುವ ಜಾಗದಲ್ಲಿ ಒಂದು ಕಟ್ಟಪ್ಪಣೆ ಇದೆ. ಪೊಲೀಸರದಾಗಲಿ, ಡ್ರಿಲ್ ಮೇಷ್ಟರದಾಗಲಿ, ರೈಲಿನ ಗಾರ್ಡಿನದಾಗಲಿ, ಊದಿ ನೋಡದ ಸೀಟಿ ಗೇಟು ದಾಟುವಂತಿಲ್ಲ. ಮೊದಲನೇ ಊದುಗ ಊದಬೇಕು. ಅವನು ಸುಳ್ಳು ಹೇಳಿರಬಹುದಾದ್ದರಿಂದ ಎರಡನೇ ಊದುಗ ಇನ್ನೊಮ್ಮೆ ಊದಬೇಕು. ಆಮೇಲೆ ಒರೆಸಿ, 'ಪಾಸ್' ಎಂಬ ಹಸಿರು ಚೀಟಿ ಅಂಟಿಸಿ, ಡಬ್ಬಿಗೆ ಹಾಕಬೇಕು. ಜಗತ್ತಿನ ಯಾವ ಪೊಲೀಸನೂ ಇದುವರೆಗೆ ಹೊಸ ಸೀಟಿ ಊದಿಲ್ಲ ಎಂಬ ಗುಟ್ಟು ನಮಗೆ ಮಾತ್ರ ಗೊತ್ತು.

ಮೊದಲನೇ ಊದುಗ ಉಸಿರಣ್ಣ. ಹೆತ್ತವರು ಇಟ್ಟ ಹೆಸರು ಅವನ ಹೆಂಡತಿಗೂ ಮರೆತುಹೋಗಿದೆ. ಅವನು ನಿಟ್ಟುಸಿರು ಬಿಟ್ಟರೆ ಪಕ್ಕದ ಮನೆಯ ಹಗ್ಗದ ಮೇಲಿನ ಬಟ್ಟೆ ಒಣಗುತ್ತದೆ. ಆದರೆ ಊದಿ ಊದಿ ಅವನ ಕಿವಿಯೊಳಗೇ ಒಂದು ಸೀಟಿ ಖಾಯಂ ನೌಕರಿಗೆ ಸೇರಿಬಿಟ್ಟಿತ್ತು. ಮಲಗಿದರೆ ಕುಯ್ಯ್, ಎದ್ದರೆ ಕುಯ್ಯ್, ಹೆಂಡತಿ "ಊಟಕ್ಕೆ ಬನ್ನಿ" ಎಂದರೂ ಕುಯ್ಯ್. "ಇನ್ನು ಗದ್ದಲದಿಂದ ದೂರ ಇರಿ. ಇಲ್ಲಾಂದ್ರೆ ನಿಮ್ಮ ಕಿವಿ ಕನ್ನಡಕ ಸಿಕ್ಕಿಸೋಕೆ ಮಾತ್ರ ಉಳಿಯುತ್ತೆ" ಎಂದು ಡಾಕ್ಟರು ಖಡಾಖಂಡಿತವಾಗಿ ಹೇಳಿದ್ದರು.

ಎರಡನೇ ಊದುಗನ ವಿಷಯಕ್ಕೆ ಬಂದರೆ, ಅವನಂಥ ಬುದ್ಧಿವಂತ, ಸಜ್ಜನ, ನೋಡಲು ಲಕ್ಷಣವಾದ ಮನುಷ್ಯ ಆ ಕಾರ್ಖಾನೆಯಲ್ಲಿ ಇನ್ನೊಬ್ಬನಿರಲಿಲ್ಲ. ಈ ಮಾತಿನಲ್ಲಿ ಮಾತ್ರ ಉತ್ಪ್ರೇಕ್ಷೆ ಇಲ್ಲ.

ಅಲ್ಲಿ ಗದ್ದಲವಿಲ್ಲದ ಜಾಗ ಒಂದೇ ಒಂದು: ಊದುವ ಸಾಲಿನ ತುದಿಯ ಗಾಜಿನ ಕೋಣೆ. ಬಾಗಿಲು ಹಾಕಿಕೊಂಡರೆ ಹೊರಗೆ ಪ್ರಳಯವಾದರೂ ಒಳಗೆ ಕೇಳುವುದಿಲ್ಲ. ಅದರೊಳಗೆ ಒಂದು ಮೆತ್ತನೆ ಕುರ್ಚಿ, ಒಂದು ಭರ್ಜರಿ ಕಂಪ್ಯೂಟರು, ಮುಖ್ಯ ಪರೀಕ್ಷಕರಾದ ದೊಡ್ಡ ಸಾಹೇಬರು. ನಾನು ಹೇಳುತ್ತಿರುವ ದಿನ ದೊಡ್ಡ ಸಾಹೇಬರು ನಿವೃತ್ತರಾಗುವವರಿದ್ದರು. ಸಂಜೆ ಬೀಳ್ಕೊಡುಗೆಯ ವೇದಿಕೆಯ ಮೇಲೆಯೇ, ಆ ಕುರ್ಚಿ ಇನ್ನು ಯಾರಿಗೆಂದು ಹೇಳುವವರಿದ್ದರು. ಉಸಿರಣ್ಣನಿಗೆ ಬೇಕಾಗಿದ್ದದ್ದು ಕುರ್ಚಿಯೂ ಅಲ್ಲ, ಹುದ್ದೆಯೂ ಅಲ್ಲ. ಆ ಬಾಗಿಲು.

ಉಡುಗೊರೆ ಏನು ಕೊಡುವುದೆಂದು ಹೊಳೆದದ್ದು ಟೈಪಿಸ್ಟ್ ಅಕ್ಕನಿಗೆ. ದೊಡ್ಡ ಸಾಹೇಬರು ಜೀವಮಾನವಿಡೀ ರೈಲ್ವೆ ಗಾರ್ಡುಗಳ ಸೀಟಿ ಊದಿ ನೋಡಿದವರು. "ಲಕ್ಷಾಂತರ ರೈಲು ನನ್ನ ಸೀಟಿಗೇ ಹೊರಟಿದಾವೆ ಕಣಮ್ಮ, ಒಂದನ್ನೂ ನಾನು ಓಡಿಸಲಿಲ್ಲ" ಎಂದು ಅವಳ ಮುಂದೆ ಒಮ್ಮೆ ಕಣ್ಣು ಒದ್ದೆ ಮಾಡಿಕೊಂಡಿದ್ದರಂತೆ. ಅದಕ್ಕೇ ಅವಳು ಎಲ್ಲರಿಂದ ಚಂದಾ ಎತ್ತಿ ಕಂಪ್ಯೂಟರಿನಲ್ಲಿ ರೈಲು ಓಡಿಸುವ ಆಟದ ಕಾರ್ಡೊಂದನ್ನು ತಂದಿದ್ದಳು. ಕಾರ್ಡಿನ ಮೇಲೊಂದು ಬೂದು ಪಟ್ಟಿ. ಅದನ್ನು ಕೆರೆದರೆ ಅಡಿಯಲ್ಲಿ ಒಂದು ಕೋಡು. ಆಟಗಳನ್ನು ಮಾರುವ ಜಾಲತಾಣದಲ್ಲಿ ಖಾತೆ ತೆರೆದು ಆ ಕೋಡು ಹೊಡೆದರೆ ರೈಲು ಬಂದು ನಿಲ್ಲುತ್ತದೆ.

"ನಿಮ್ಮ ಕೈಯಿಂದಲೇ ಕೊಡಿ ಅಣ್ಣ, ಕುರ್ಚಿಗೆ ಅನುಕೂಲ ಆಗುತ್ತೆ" ಎಂದು ಅವಳು ಕಾರ್ಡನ್ನು ಉಸಿರಣ್ಣನ ಅಂಗೈಗೆ ಹಾಕಿದಳು.

ಉಸಿರಣ್ಣ ಅದನ್ನು ತಿರುಗಿಸಿ ನೋಡಿದ. ಬೆಳಕಿಗೆ ಹಿಡಿದ. ಅಭ್ಯಾಸಬಲದಿಂದ ಬಾಯಿಗೂ ಒಯ್ದ.

"ಇದು ಓಡುತ್ತೆ ಅಂತ ಏನು ಗ್ಯಾರಂಟಿ?"

"ಅಂಗಡಿಯವಳು ಹೇಳಿದಾಳೆ ಅಣ್ಣ."

"ಅಂಗಡಿಯವಳು ಊದಿ ನೋಡಿದಾಳಾ? ನಾಳೆ ಸಾಹೇಬರು ಮನೇಲಿ ಕೂತು ಹೊಡೆದಾಗ ಕೋಡು ಕೈಕೊಟ್ರೆ? ಮೊದಲನೇ ಊದುಗ ಅಂತ ನಾನು ಯಾಕಿದೀನಿ?"

ಆಗ ದೊಡ್ಡ ಸಾಹೇಬರು ಎಲ್ಲ ವಿಭಾಗಗಳಿಗೂ ಹೋಗಿ ವಿದಾಯ ಹೇಳಿ ಬರಲು ಹೊರಟಿದ್ದರು. ಆ ಸಮಯ ನೋಡಿ ಇಡೀ ಊದುವ ಸಾಲು ಗಾಜಿನ ಕೋಣೆಯೊಳಗೆ ಉಪ್ಪಿನಕಾಯಿ ಭರಣಿಯಲ್ಲಿ ಹೋಳು ತುಂಬಿದಂತೆ ತುಂಬಿಕೊಂಡಿತು. ಟೈಪಿಸ್ಟ್ ಅಕ್ಕ ಉಸಿರಣ್ಣನಿಗೊಂದು ಇಮೇಲು, ಅದರ ಮೇಲೊಂದು ಖಾತೆ ಮಾಡಿಕೊಟ್ಟಳು. "ಎರಡಕ್ಕೂ ಸೇರಿ ಯಾರಿಗೂ ಊಹಿಸೋಕೆ ಆಗದಂಥ ಒಂದು ಪಾಸ್‌ವರ್ಡ್ ಹಾಕಿ" ಎಂದು ಮುಖ ತಿರುಗಿಸಿಕೊಂಡಳು. ಉಸಿರಣ್ಣ ಹಿಂದೆಮುಂದೆ ನೋಡದೆ ಕೀಲಿಮಣೆಯ ಮೇಲೆ ಹತ್ತೂ ಬೆರಳು ಓಡಿಸಿದ. ಆಮೇಲೆ ಬೂದು ಪಟ್ಟಿ ಕೆರೆದು, ಒಂದೊಂದೇ ಅಕ್ಷರವನ್ನು ಹಸುಗೂಸನ್ನು ತೊಟ್ಟಿಲಲ್ಲಿ ಮಲಗಿಸುವಷ್ಟು ಜೋಪಾನವಾಗಿ ಒತ್ತಿದ.

ಪರದೆಯ ಮೇಲೆ 'ಅಭಿನಂದನೆಗಳು' ಎಂದು ಬಂತು. ಆಟ ಖಾತೆಗೆ ಸೇರಿತು. ಕೋಣೆಯೊಳಗೆ ಎದ್ದ ಚಪ್ಪಾಳೆಗೆ ಗಾಜು ಬಿರುಕು ಬಿಡುವುದೊಂದು ಬಾಕಿ.

"ಪಾಸ್!" ಎಂದು ಉಸಿರಣ್ಣ ಕಾರ್ಡಿಗೆ ಹಸಿರು ಚೀಟಿ ಅಂಟಿಸಿದ. ನಿಯಮದ ಪ್ರಕಾರ ಅದನ್ನು ಎರಡನೇ ಊದುಗನ ಕೈಗಿತ್ತ.

ಎರಡನೇ ಊದುಗ ಕರ್ತವ್ಯಕ್ಕೆ ಇನ್ನೊಂದು ಹೆಸರು. ಉಸಿರಣ್ಣನ ಖಾತೆಯಿಂದ ಹೊರಬಂದು, ತನ್ನದೊಂದು ಖಾತೆ ತೆರೆದು, ಅದೇ ಕೋಡನ್ನು ಹೊಡೆದ. 'ಈ ಕೋಡು ಈಗಾಗಲೇ ಬಳಕೆಯಾಗಿದೆ' ಎಂದು ಕೆಂಪಕ್ಷರ ಬಂತು.

"ಫೇಲ್" ಎಂದ ಎರಡನೇ ಊದುಗ.

"ಈಗ ತಾನೇ ಓಡಿತಲ್ಲೋ!"

"ನಿಂಗೆ ಓಡಿತು, ನಂಗೆ ಓಡಲಿಲ್ಲ. ಇಬ್ಬರ ಬಾಯಲ್ಲೂ ಕೂಗದ ಸೀಟೀನ ಏನಂತೀವಿ?"

"ಫೇಲ್" ಎಂದು ಸಾಲಿಗೆ ಸಾಲೇ ಕೋರಸ್ ಹಾಡಿತು.

ಉಸಿರಣ್ಣ ಕಂಪ್ಯೂಟರ್ ಅಂಗಡಿಗೆ ಫೋನು ಮಾಡಿದ. ಕಿವಿ ಕೇಳದವನ ಫೋನು. ಅಂಗಡಿಯವಳ ಮಾತು ನಾವೆಲ್ಲ ಕೇಳಿಸಿಕೊಂಡೆವು.

"ಅಣ್ಣಾ, ಕೋಡು ಹೊಡೆಯೋದು ಅಂದ್ರೇನೇ ತಗೊಂಡ ಹಾಗೆ. ಅದು ಒಂದೇ ಸಲ. ಆಟ ಈಗ ನಿಮ್ಮದು."

"ನಂಗೆ ಬೇಡಮ್ಮ, ನಾನು ಟೆಸ್ಟ್ ಮಾಡಿದ್ದು ಅಷ್ಟೇ."

"ಬೆಂಕಿಕಡ್ಡಿ ಗೀರಿ ನೋಡಿ ವಾಪಸು ಡಬ್ಬಿಗೆ ಹಾಕ್ತೀರಾ ಅಣ್ಣಾ?"

ಸಲಹೆಗಳು ಸುರಿದವು. ಉಗ್ರಾಣ ನೋಡಿಕೊಳ್ಳುವ ಸ್ಟೋರ್ಸ್ ಮಾವ ಜಗತ್ತಿನ ಎಲ್ಲ ಸಮಸ್ಯೆಗೂ ಎಣ್ಣೆ ಬಿಡುವವನು. "ಕಂಪ್ಯೂಟರನ್ನ ತಲೆಕೆಳಗು ಮಾಡಿ ತಟ್ಟಿ, ಆಟ ಕಳಚಿಕೊಳ್ಳುತ್ತೆ" ಎಂದ. ಟೈಪಿಸ್ಟ್ ಅಕ್ಕ ತಕ್ಕಮಟ್ಟಿಗೆ ಬುದ್ಧಿ ಓಡಿಸಿ, "ನಿಮ್ಮ ಖಾತೆಯನ್ನೇ ಸಾಹೇಬರಿಗೆ ಕೊಟ್ಟುಬಿಡಿ ಅಣ್ಣ" ಎಂದಳು.

"ಛೆ, ಎಂಜಲು ಖಾತೆ ಕೊಡೋದಾ?" ಎಂದ ಮಾವ.

"ನಮ್ಮಲ್ಲಿ ಎಂಜಲಾಗದ್ದು ಏನಿದೆ ಮಾವ? ಪಾಸ್‌ವರ್ಡ್ ಹೇಳಿ ಅಣ್ಣ."

ಉಸಿರಣ್ಣ ಸೂರು ನೋಡಿದ, ನೆಲ ನೋಡಿದ, ಹತ್ತೂ ಬೆರಳುಗಳನ್ನು ಒಂದೊಂದಾಗಿ ನೋಡಿದ. ಯಾರಿಗೂ ಊಹಿಸಲಾಗದ ಪಾಸ್‌ವರ್ಡು ಅವನಿಗೂ ಊಹಿಸಲಾಗಲಿಲ್ಲ. ಹೊಸ ಪಾಸ್‌ವರ್ಡು ಬೇಕಾದರೆ ಇಮೇಲಿಗೆ ಕಳಿಸುತ್ತೇವೆ ಎಂದು ಜಾಲತಾಣ ಹೇಳಿತು. ಇಮೇಲಿಗೂ ಅದೇ ಪಾಸ್‌ವರ್ಡು.

ಮಧ್ಯಾಹ್ನದ ಊಟ ಬಿಟ್ಟು ಉಸಿರಣ್ಣ ಸ್ಟೋರ್ಸ್ ಮಾವನ ಸ್ಕೂಟರು ಏರಿದ. ಆ ಸ್ಕೂಟರನ್ನು ಹಿಂದಿಕ್ಕಿ ಒಂದು ಬಸವನಹುಳು ಹೋದದ್ದನ್ನು ನಾನು ಬಲ್ಲೆ. ಅಂತೂ ತನ್ನ ಕೈಯಿಂದಲೇ ದುಡ್ಡು ಹಾಕಿ ಇನ್ನೊಂದು ಕಾರ್ಡು ತಂದ. ಬಿಸಿಲಿಗೆ ಗಂಟಲು ಒಣಗಿತ್ತು. ಕಾರ್ಡನ್ನು ಮೇಜಿನ ಮೇಲಿಟ್ಟು ನೀರು ಕುಡಿಯಲು ಹೋದ. ಬರೀ ಒಂದು ಲೋಟ ನೀರು.

ಬಂದು ನೋಡಿದರೆ ಕಾರ್ಡಿನ ಬೂದು ಪಟ್ಟಿ ಬೋಳಾಗಿ, ಮೇಲೆ ಹಸಿರು ಚೀಟಿ ಮಿರಮಿರ ಮಿಂಚುತ್ತಿತ್ತು.

"ಪಾಸ್" ಎಂದ ಎರಡನೇ ಊದುಗ, ಗಾಜಿನ ಕೋಣೆಯಿಂದ ಹೊರಬರುತ್ತ. "ಒಂದೇ ಏಟಿಗೆ ಬಂತು ನೋಡು. ಅಭಿನಂದನೆ ಗಿಭಿನಂದನೆ ಎಲ್ಲ ಹೇಳಿತು."

"ಯಾರ ಖಾತೇಲಿ ಹೊಡೆದೆ?" ಉಸಿರಣ್ಣನ ದನಿ ತೂತು ಬಿದ್ದ ಸೀಟಿಯಂತಿತ್ತು.

"ನಂದರಲ್ಲೇ. ನಿನ್ನದರ ಪಾಸ್‌ವರ್ಡ್ ನಿಂಗೇ ಗೊತ್ತಿಲ್ವಲ್ಲ?"

"ಹೊಡೆದ್ರೆ ಮುಗೀತು ಅಂತ ಅವಳು ಅಷ್ಟು ಬಡ್ಕೊಂಡಳಲ್ಲೋ!"

"ಅದು ಅಂಗಡಿ ನಿಯಮ. ಎರಡನೇ ಪರೀಕ್ಷೇಲಿ ಫೇಲಾದ ಮಾಲಿಗೆ ಬದಲಿ ಬಂದ್ರೆ ಎರಡನೇ ಊದುಗನೇ ನೋಡಬೇಕು ಅನ್ನೋದು ನಮ್ಮ ನಿಯಮ. ನೀನು ಯಾವ ಕಡೆ ಸಂಬಳ ತಗೊಳ್ತೀಯ?"

ಉಸಿರಣ್ಣ ಮತ್ತೆ ಸ್ಕೂಟರು ಹತ್ತಿದ. ಅಂಗಡಿಯವಳು ಅವನನ್ನು ಕಂಡೊಡನೆ, "ಅಣ್ಣಾ, ನಿಜ ಹೇಳಿ, ಇದನ್ನ ತಿಂತೀರಾ?" ಎಂದಳು. ಅವಳ ಬಳಿ ಉಳಿದಿದ್ದದ್ದು ಒಂದೇ ಒಂದು ಕಾರ್ಡು.

ಈ ಸಲ ಉಸಿರಣ್ಣ ಅದನ್ನು ಬನಿಯನ್ನಿನೊಳಗೆ, ಎದೆಗೆ ಅಂಟಿಸಿಕೊಂಡು ಬಂದ. ಸಂಜೆಯ ತನಕ ಎರಡೂ ಕೈಗಳನ್ನು ಎದೆಯ ಮೇಲೆ ಕಟ್ಟಿಕೊಂಡೇ ಇದ್ದ. ಎರಡನೇ ಊದುಗ ಹತ್ತಿರ ಬಂದರೆ ಗೋಡೆಗೆ ತಿರುಗಿ ನಿಲ್ಲುತ್ತಿದ್ದ. ಹುಟ್ಟಿದಾಗಿನಿಂದ ಮೊದಲ ಸಲ ಅವನು ಪರೀಕ್ಷೆ ಮಾಡದ ಮಾಲೊಂದನ್ನು ಹೊತ್ತು ತಿರುಗುತ್ತಿದ್ದ. ಕಳ್ಳನಿಗೂ ಅಷ್ಟು ಬೆವರು ಬರುವುದಿಲ್ಲ.

ಸಂಜೆ ಪ್ಯಾಕಿಂಗ್ ವಿಭಾಗದಲ್ಲಿ ಬಲೂನು ಕಟ್ಟಿದ್ದರು. ಊದುವ ಸಾಲಿನವರೇ ಊದಿದ್ದರಿಂದ ಒಂದೊಂದೂ ಹಂಡೆಯಷ್ಟಿತ್ತು. ಕೇಕು ಕತ್ತರಿಸಿದ್ದಾಯಿತು. ಉಸಿರಣ್ಣ ವೇದಿಕೆ ಹತ್ತಿ, ಅಂಗಿಯ ಗುಂಡಿ ಬಿಚ್ಚಿ, ಬೆವರಲ್ಲಿ ನೆನೆದ ಕಾರ್ಡನ್ನು ಹೊರತೆಗೆದು ಎರಡು ಕೈಯಿಂದ ಕೊಟ್ಟ.

"ಸಾರ್, ಇದು ರೈಲು. ಇನ್ನು ನೀವೇ ಓಡಿಸಬಹುದು."

ದೊಡ್ಡ ಸಾಹೇಬರು ಕಾರ್ಡನ್ನು ಎದೆಗೊತ್ತಿಕೊಂಡರು. "ನನ್ನ ಆಸೆ ನೆನಪಿಟ್ಟಿದ್ದೀಯಲ್ಲೋ" ಎಂದು ಅವನ ಭುಜ ಹಿಡಿದರು. ಗಾಜಿನ ಕೋಣೆಯ ಬೀಗದ ಕೈ ಇದ್ದ ಜೇಬಿಗೂ ಕೈ ಹಾಕಿದರು. ಉಸಿರಣ್ಣನಿಗೆ ಆ ಬಾಗಿಲು ಮೆಲ್ಲಗೆ ಮುಚ್ಚಿಕೊಳ್ಳುವ ಸದ್ದಿಲ್ಲದ ಸದ್ದು ಕೇಳಿಸಿಯೇಬಿಟ್ಟಿತು. ಅಷ್ಟರಲ್ಲಿ ಸಾಹೇಬರು ಕನ್ನಡಕ ಏರಿಸಿ ಕಾರ್ಡನ್ನು ತಿರುಗಿಸಿದರು.

"ಹಸಿರು ಚೀಟಿ ಎಲ್ಲಿ?"

"ಸಾರ್..."

"ಕೆರೆದೇ ಇಲ್ವಲ್ಲೋ! ಪರೀಕ್ಷೆ ಆಗಿಲ್ವಾ?"

"ಪರೀಕ್ಷೆ ಮಾಡಿದ್ರೆ ಆಟ ಹೋಗಿಬಿಡುತ್ತೆ ಸಾರ್."

"ಊದಿದ್ರೆ ಸೀಟಿ ಹೋಗಿಬಿಡುತ್ತೇನೋ?" ಸಾಹೇಬರ ದನಿಗೆ ಒಂದು ಬಲೂನು ತಾನಾಗಿಯೇ ಒಡೆಯಿತು. "ಊದಿ ನೋಡದ ಮಾಲು! ನನಗೆ! ನಾನು ಹೊರಡೋ ದಿನಾನೇ! ನಿನ್ನ ಕೈಗೆ ಈ ಸಾಲು ಕೊಟ್ಟು ನಾನು ಮನೇಲಿ ನಿದ್ದೆ ಮಾಡೋದು ಹೇಗೋ?"

ಉಸಿರಣ್ಣ ಬಾಯಿ ತೆರೆದ. ಅಷ್ಟು ದೊಡ್ಡ ಎದೆಗೂಡಿನಲ್ಲಿ ಒಂದು ಮಾತಿಗಾಗುವಷ್ಟು ಗಾಳಿ ಇರಲಿಲ್ಲ. ಆಗ ಎರಡನೇ ಊದುಗ ಎದ್ದು ನಿಂತು, ಬೋಳು ಕಾರ್ಡನ್ನು ಎಲ್ಲರಿಗೂ ಕಾಣುವಂತೆ ಎತ್ತಿ ಹಿಡಿದ.

"ಸಾರ್, ಇಲ್ಲಿದೆ. ಕೆರೆದದ್ದು, ಹೊಡೆದದ್ದು, ಪಾಸಾದದ್ದು. ಆಟ ನನ್ನ ಖಾತೇಲಿ ಭದ್ರವಾಗಿದೆ."

ದೊಡ್ಡ ಸಾಹೇಬರು ಹಸಿರು ಚೀಟಿಯ ಮೇಲೆ ಬೆರಳಾಡಿಸಿ, ಕಣ್ಣೊರೆಸಿಕೊಂಡು, ಗಾಜಿನ ಕೋಣೆಯ ಬೀಗದ ಕೈಯನ್ನು ಎರಡನೇ ಊದುಗನಿಗೆ ಕೊಟ್ಟುಬಿಟ್ಟರು.

ಹೀಗೆ ನಿಯಮ ಗೆದ್ದಿತು. ಉಸಿರಣ್ಣ ಮತ್ತೆ ಸಾಲಿಗೆ ಮರಳಿದ. ಎರಡನೇ ಊದುಗನೋ, ಆ ಗಾಜಿನ ಕೋಣೆಯಲ್ಲಿ, ಆ ಮೆತ್ತನೆ ಕುರ್ಚಿಯಲ್ಲಿ ಕಾಲ ಮೇಲೆ ಕಾಲು ಹಾಕಿಕೊಂಡು, ಮಹಾರಾಜನ ಹಾಗೆ ದಿನವಿಡೀ ರೈಲು ಬಿಡುತ್ತಾ...

"ಯಾರೋ ಕುರ್ಚೀಲಿ ಕೂತಿರೋದು?"

ಇದನ್ನು ಬರೆಯುತ್ತ ಕೂತಿದ್ದ ನನ್ನ ಬೆನ್ನ ಹಿಂದೆ ಉಸಿರಣ್ಣ. ಎಷ್ಟು ಹೊತ್ತಿನಿಂದ ನಿಂತು ಓದುತ್ತಿದ್ದನೋ.

"ಇದು ಕತೆ ಕಣೋ" ಎಂದೆ.

"ಕತೆಗೆ ಕಾಲ ಮೇಲೆ ಕಾಲು ಹಾಕಿಕೊಳ್ಳೋಕೆ ಕುರ್ಚಿ ಎಲ್ಲಿಂದ ಬಂತು? ಬುದ್ಧಿವಂತ, ಸಜ್ಜನ, ಲಕ್ಷಣವಾದ... ಥೂ! ನಿಜ ಬರಿ. ಇಲ್ಲಾಂದ್ರೆ ಗಾರ್ಡಿನ ಸೀಟಿ ತಂದು ನಿನ್ನ ಕಿವೀಲಿ ಊದ್ತೀನಿ."

ಬರೆಯುತ್ತೇನೆ. ಎರಡನೇ ಊದುಗ ನಾನೇ. ಲಕ್ಷಣದ ಮಾತನ್ನು ಹೊಡೆದುಹಾಕಿಕೊಳ್ಳಿ. ಕುರ್ಚಿ ನನಗೆ ಸಿಕ್ಕಿದ್ದು ನಿಜ. ಅದರ ಮೇಲೆ ನಾನು ಕೂತದ್ದು ಒಂದು ರಾತ್ರಿಯ ಕನಸಿನಲ್ಲಿ. ಮರುದಿನ ಬೆಳಿಗ್ಗೆ ಹೋದರೆ, ನಿವೃತ್ತರಾದ ದೊಡ್ಡ ಸಾಹೇಬರು ಊಟದ ಡಬ್ಬಿ ಹಿಡಿದು ಬಾಗಿಲಲ್ಲೇ ನಿಂತಿದ್ದರು.

"ಪಾಸಾದ ರೈಲು ಯಾರ ಖಾತೆಯಲ್ಲಯ್ಯ ಇರೋದು?"

"ನಂದರಲ್ಲಿ ಸಾರ್."

"ತೆಗಿ. ಆಕಡೆ ಸರಿ."

ಉಸಿರಣ್ಣ ಕೊಟ್ಟ ಕಾರ್ಡನ್ನು ಅವರು ಮುಟ್ಟುವುದಿಲ್ಲ. ಅದಕ್ಕೆ ಹಸಿರು ಚೀಟಿ ಇಲ್ಲ. ಅಂದು ಕೂತವರು ಇಂದಿಗೂ ಎದ್ದಿಲ್ಲ. ನೌಕರಿಯಲ್ಲಿದ್ದಾಗ ಅವರು ಇಷ್ಟು ಸರಿಯಾದ ಸಮಯಕ್ಕೆ ಬಂದದ್ದೇ ಇಲ್ಲ. ಮುಖ್ಯ ಪರೀಕ್ಷಕನಾದ ನಾನು ಹೊರಗೆ ರಟ್ಟಿನ ಪೆಟ್ಟಿಗೆಯೊಂದನ್ನು ಬೋರಲು ಹಾಕಿ ಕೂತು, ಮೊದಲನೆಯದನ್ನೂ ಎರಡನೆಯದನ್ನೂ ನಾನೇ ಊದುತ್ತಿದ್ದೇನೆ. ಕಿವಿಯಲ್ಲಿ ಮೊನ್ನೆಯಿಂದ ಸಣ್ಣಗೆ ಕುಯ್ಯ್.

ಮೊದಲನೆಯದನ್ನೂ ನಾನೇ ಯಾಕೆಂದರೆ, ಉಸಿರಣ್ಣ ಈಗ ಸಾಲಿನಲ್ಲಿಲ್ಲ. ಆ ಸುಳ್ಳನ್ನೂ ತಿದ್ದಿಕೊಳ್ಳುತ್ತೇನೆ. ಅವನು ಗಾಜಿನ ಕೋಣೆಯೊಳಗೇ ಇದ್ದಾನೆ. ಗಾರ್ಡು ಸೀಟಿ ಊದದೆ ರೈಲು ಬಿಡುವುದು ನಿಯಮಬಾಹಿರ ಎಂದು ಸಾಹೇಬರು ಮೊದಲ ದಿನವೇ ಅವನನ್ನು ಕರೆಸಿಕೊಂಡರು. ಹೊರಗಿನ ಸದ್ದು ಒಳಗೆ ಬಿಡದ ಗಾಜು ಒಳಗಿನ ಸದ್ದನ್ನೂ ಹೊರಗೆ ಬಿಡುವುದಿಲ್ಲ. ಅವನು ಊದಿದ್ದು ನಾಲ್ಕು ಗೋಡೆಗೂ ಬಡಿದು ಅವನ ಕಿವಿಗೇ ವಾಪಸು ಬರುತ್ತದೆ.

ಗಾಜಿನ ಬಾಗಿಲು ತೆರೆದು ಸಾಹೇಬರ ತಲೆ ಹೊರಬಂತು. "ಗಾರ್ಡ್ ಎಲ್ಲಯ್ಯ? ಸಿಗ್ನಲ್ ಬಿದ್ದು ಎಷ್ಟೊತ್ತಾಯ್ತು! ಪ್ರಯಾಣಿಕರು ಬೈತಾರೆ!"

ಉಸಿರಣ್ಣ ಕಿವಿಗೆ ಹತ್ತಿ ತುರುಕಿಕೊಳ್ಳುತ್ತ ನನ್ನನ್ನೊಮ್ಮೆ ನೋಡಿದ. "ಇದು ಯಾವ ಥರದ ರೈಲೋ?" ಎಂದು ಕೇಳಿದೆ.

"ಪ್ಯಾಸೆಂಜರ್" ಎಂದ. "ಎಲ್ಲಾ ಸ್ಟೇಷನ್ನಲ್ಲೂ ನಿಲ್ಲುತ್ತೆ."

ಒಳಗೆ ಹೋಗಿ ಬಾಗಿಲು ಹಾಕಿಕೊಂಡ.