ಫೋಟೋಕ್ಕೆ ಬಿದ್ದ ಹಾರ

ಕಡಲಾಚೆಯ ಲೈಲ್ ಊರಿನ ಶರಣಪ್ಪನಿಗೆ ಕನ್ನಡ ಬಳಗದ ಅಧ್ಯಕ್ಷನಾಗುವ ಹುಚ್ಚು ಹಿಡಿದು ವರ್ಷಗಳಾಗಿದ್ದವು. ಈ ಸಲ ರಾಜ್ಯೋತ್ಸವ ಮುಗಿದ ಕೂಡಲೇ ಆಯ್ಕೆ. ಅದಕ್ಕೇ ಆತ, "ಮುಖ್ಯ ಅತಿಥಿ ಅಂತ ಫಿಲ್ಮ್ ಸ್ಟಾರನ್ನೇ ಕರಕೊಂಡು ಬರ್ತೀನ್ರಿ" ಎಂದು ಎಲ್ಲರೆದುರು ಕೊಚ್ಚಿಕೊಂಡಿದ್ದ.

ಸಿಕ್ಕವರು ಪಕ್ಕದ ಮನೆಯ ಜರ್ಮನ್ ಮುದುಕ ಎಗೊನ್. ನಲವತ್ತು ವರ್ಷ ಸಿನಿಮಾಗಳಲ್ಲಿ ನಟಿಸಿದ್ದೇನೆ ಎಂದಿದ್ದರು. ಯಾವ ಪಾತ್ರ ಎಂದು ಕೇಳುವಷ್ಟು ವ್ಯವಧಾನ ಶರಣಪ್ಪನಿಗೆ ಇರಲಿಲ್ಲ. ಅವರ ಆಳೆತ್ತರದ ಫೋಟೋ ಮಾಡಿಸಿ ಪಕ್ಕದೂರು ಡೌನರ್ಸ್ ಗ್ರೋವ್‌ನ ಹಾಲ್‌ನಲ್ಲಿ ದೀಪದ ಪಕ್ಕ ನಿಲ್ಲಿಸಿದ.

ಕಾರ್ಯಕ್ರಮದ ಹೊತ್ತಾದರೂ ಎಗೊನ್ ಇಲ್ಲ. ಕಾರಿನಲ್ಲಿ ಕರೆತರುತ್ತಿದ್ದ ಅವರ ಮಗಳು ಹೆದ್ದಾರಿಯಲ್ಲಿ ತಪ್ಪು ಎಕ್ಸಿಟ್ ಹಿಡಿದಿದ್ದಳು. ಶರಣಪ್ಪ ಫೋನ್ ಹಿಡಿದು ಪಾರ್ಕಿಂಗ್ ಲಾಟ್‌ಗೆ ಓಡಿದ.

ಇತ್ತ ಸ್ವಾಗತದ ಹೊಣೆ ಹೊತ್ತ ಪದ್ಮಜಾ ಆಂಟಿಗೆ ಸುಮ್ಮನೆ ಕೂತು ಗೊತ್ತಿಲ್ಲ. "ಹಾರ ಹಿಡ್ಕೊಂಡು ಕೈ ನೋಯ್ತಿದೆ. ಅವರು ಬರೋವರೆಗೂ ಇಲ್ಲೇ ಇರ್ಲಿ" ಎಂದು ಫೋಟೋಕ್ಕೆ ಹಾಕಿ ಕಾಫಿಗೆ ಹೋದರು.

ಹಾರ ಬಿದ್ದ ಫೋಟೋ, ಪಕ್ಕದಲ್ಲಿ ಉರಿಯುವ ದೀಪ. ಒಳಬಂದವರು ಚಪ್ಪಲಿ ಬಿಟ್ಟು ಕೈಮುಗಿದರು. "ಪಾಪ, ಯಾವಾಗ ಹೋದ್ರಂತೆ?" ಎಂದು ಮೊದಲ ಸಾಲಿನವರು ಕೇಳಿದ್ದಕ್ಕೆ ಎರಡನೆಯ ಸಾಲಿನವರು "ಬೆಳಿಗ್ಗೇನಂತೆ" ಎಂದರು. ಹಾಲಿ ಅಧ್ಯಕ್ಷ ರವಿಶಂಕರ ಕನ್ನಡಕ ಒರೆಸಿಕೊಂಡು ಮೈಕ್ ಹಿಡಿದ. "ಮಹಾನ್ ಕಲಾವಿದರು ನಮ್ಮನ್ನಗಲಿದ್ದಾರೆ. ಎಲ್ಲರೂ ಎದ್ದು ನಿಂತು ಮೌನ ಆಚರಿಸೋಣ."

ಅಷ್ಟರಲ್ಲಿ ಶರಣಪ್ಪ ಎಗೊನ್‌ರ ಕೈಹಿಡಿದು ಬಾಗಿಲಲ್ಲಿ ಕಾಣಿಸಿಕೊಂಡ. ಮುಂದೆ ಇನ್ನೂರು ತಲೆ ತಗ್ಗಿದ್ದವು.

"ಏನಿದು?" ಎಂದರು ಎಗೊನ್ ಇಂಗ್ಲಿಷಿನಲ್ಲಿ. ಹಾರ ಬಿದ್ದ ಫೋಟೋ ಕಂಡ ಶರಣಪ್ಪ, ನೀವು ಸತ್ತಿರೆಂದು ಮೌನ ಆಚರಿಸುತ್ತಿದ್ದಾರೆ ಎಂದು ನಿಜ ಹೇಳಿದ. ನನ್ನ ಅಧ್ಯಕ್ಷಗಿರಿ ಮಣ್ಣುಪಾಲಾಯಿತು ಅಂದುಕೊಂಡ.

ಎಗೊನ್ ನೆಟ್ಟಗೆ ವೇದಿಕೆ ಹತ್ತಿದರು. ಕಾಫಿ ಮುಗಿಸಿ ಬಂದು ತಾವೂ ಸಾವಿನ ಸುದ್ದಿ ನಂಬಿದ್ದ ಪದ್ಮಜಾ ಆಂಟಿ ಕಿಟಾರನೆ ಕಿರುಚಿದರು.

"ನಲವತ್ತು ವರ್ಷ ಪೊಲೀಸ್ ಸಿನಿಮಾಗಳಲ್ಲಿ ನನಗೆ ಒಂದೇ ಪಾತ್ರ, ಹೆಣದ್ದು" ಎಂದರು ಎಗೊನ್. "ಕೆರೆಯಲ್ಲಿ ತೇಲಿದೆ, ಕಾರಿನ ಡಿಕ್ಕಿಯಲ್ಲಿ ಮುದುಡಿದೆ. ಎಲ್ಲರೂ ಕೊಲೆಗಾರನನ್ನು ಹುಡುಕುತ್ತಿದ್ದರು. ನನಗಾಗಿ ಎದ್ದು ನಿಂತವರು ನೀವೇ ಮೊದಲು." ಅಲ್ಲಿಗೇ ಕೈಮುಗಿದು ನಿಲ್ಲಿಸಿದರು.

ಹಾಲ್ ಕಣ್ಣೊರೆಸಿಕೊಂಡಿತು.

"ಇಷ್ಟು ಚಿಕ್ಕ ಭಾಷಣ ನಮ್ಮ ಬಳಗದಲ್ಲಿ ಯಾರು ಮಾಡಿದಾರೆ ಹೇಳಿ? ಇವರೇ ಅಧ್ಯಕ್ಷರಾಗ್ಲಿ!" ಎಂದರು ಪದ್ಮಜಾ ಆಂಟಿ.

"ಅವರಿಗೆ ಕನ್ನಡ ಬರೂದಿಲ್ರೀ!" ಶರಣಪ್ಪ ಹೌಹಾರಿದ.

"ಒಳ್ಳೇದಾಯ್ತು ಬಿಡಿ, ಮೀಟಿಂಗಲ್ಲಿ ಜಗಳ ಇರಲ್ಲ" ಎಂದರು ಆಂಟಿ.

ಚಪ್ಪಾಳೆ ಸೂರು ಹಾರಿಸಿತು. ರವಿಶಂಕರ ಫೋಟೋದ ಹಾರ ತೆಗೆದು ಹೊಸ ಅಧ್ಯಕ್ಷರ ಕೊರಳಿಗೆ ಹಾಕಿದ.

ಎಲ್ಲರೂ ಊಟಕ್ಕೆ ಹೊರಟ ಮೇಲೆ ಶರಣಪ್ಪನೊಬ್ಬನೇ ತಲೆತಗ್ಗಿಸಿ ಮೌನವಾಗಿ ನಿಂತಿದ್ದ.